ತೆರೆಯದ ಸಂಚಿಕೆಯೊಂದಿಗೆ ಇಂಗ್ಲೆಂಡಿಗೆ

ನಿಪ್ಪಾಣಿ

ಇಂಗ್ಲೆಂಡಿಗೆ ಹೋಗಿ ಬಂದೆ ಎಂದರೆ ನಮ್ಮ ಚಿಕ್ಕೋಡಿಯಲ್ಲಿ ಎಲ್ಲರೂ ಮೊದಲು ಕೇಳುವುದು ಅರಮನೆ ನೋಡಿದಿರೇನು ಎಂದು. ನೋಡಲಿಲ್ಲ. ಲಂಡನ್ನಿಗೇ ಹೋಗಲಿಲ್ಲ. ಮೂರು ವಾರ ನಾನಿದ್ದದ್ದು ಉತ್ತರದ ಲೀಡ್ಸ್ ಎಂಬ ಊರಿನಲ್ಲಿ, ಅಣ್ಣನ ಮಗಳು ಸ್ನೇಹಲಳ ಮನೆಯಲ್ಲಿ. ಅವಳು ಅಲ್ಲಿಯ ಆಸ್ಪತ್ರೆಯೊಂದರಲ್ಲಿ ನರ್ಸ್. ಎರಡು ವರ್ಷದಿಂದ ಫೋನಿನಲ್ಲಿ "ಬಾ ಆತ್ಯಾ, ಒಮ್ಮೆರ ಬಂದು ಹೋಗು" ಎಂದು ಕರೆಯುತ್ತಲೇ ಇದ್ದಳು. ಹೋಗಲು ನನಗೊಂದು ಕಾರಣ ಬೇಕಿತ್ತು. ಸಿಕ್ಕ ಕಾರಣ ಒಂದು ಹಳೆಯ ಪತ್ರಿಕೆ.

ನಾನು ಚಿಕ್ಕೋಡಿಯ ಗ್ರಂಥಾಲಯವೊಂದರಲ್ಲಿ ಸಹಾಯಕಿ. ಹುಟ್ಟಿದ್ದು, ಈಗಲೂ ಇರುವುದು ನಿಪ್ಪಾಣಿಯಲ್ಲಿ. ಅಲ್ಲಿ ತಂಬಾಕಿನ ವ್ಯಾಪಾರ ಮಾಡುತ್ತಿದ್ದ ಒಂದು ಹಳೆಯ ಮನೆತನದವರು ತಮ್ಮ ವಖಾರಿಯನ್ನು, ಅಂದರೆ ತಂಬಾಕು ತುಂಬಿಡುವ ಗೋದಾಮನ್ನು, ಕೆಡವಿಸುವವರಿದ್ದರು. ಅದರ ಅಟ್ಟದ ಮೇಲಿದ್ದ ಕಾಗದಪತ್ರದ ಟ್ರಂಕನ್ನು ಗ್ರಂಥಾಲಯಕ್ಕೆ ಕೊಡುತ್ತೇವೆ ಎಂದು ಹೇಳಿ ಕಳಿಸಿದರು. ತರಲು ಹೋದದ್ದು ನಾನು. ಆ ಮನೆಯ ಹಿರಿಯ ಹೆಂಗಸು ಬಾಗಿಲವರೆಗೂ ಬಂದರು.

"ಬಾಯಿ, ಇಷ್ಟೂ ಒಯ್ರಿ. ರದ್ದಿಯವನಿಗೆ ಮಾತ್ರ ಹಾಕಬ್ಯಾಡ್ರಿ. ನಮ್ಮ ಅಜ್ಜಮಾವನವರು ಓದಿ ಇಟ್ಟದ್ದು."

ಟ್ರಂಕಿನಲ್ಲಿ ಒಂದು ಇಂಗ್ಲಿಷ್ ಮಾಸಿಕದ ನಲವತ್ತಕ್ಕೂ ಹೆಚ್ಚು ಸಂಚಿಕೆಗಳಿದ್ದವು. ಹೆಸರು 'ಹಾರ್ನ್ ಅಂಡ್ ನೀಡಲ್'. ನೂರು ವರ್ಷಕ್ಕೂ ಹಿಂದಿನದು. ಗ್ರಾಮೋಫೋನು ಆಗಷ್ಟೇ ಮನೆಗಳಿಗೆ ಕಾಲಿಡುತ್ತಿದ್ದಾಗ ಹುಟ್ಟಿದ ಪತ್ರಿಕೆ. ಹಾಡು ಕೇಳುವವರಿಗಾಗಿ ಅಲ್ಲ, ಗ್ರಾಮೋಫೋನು ಮಾರುವ ಅಂಗಡಿಯವರಿಗಾಗಿ. ಗಿರಾಕಿ ಅಂಗಡಿಗೆ ಬಂದರೆ ಮೊದಲು ಯಾವ ಹಾಡಿನ ತಟ್ಟೆ ಹಾಕಬೇಕು, ಸ್ಪ್ರಿಂಗು ತುಂಡಾದರೆ ಏನು ಮಾಡಬೇಕು, ಹಳೆಯ ಮುಳ್ಳಿನಿಂದ ತಟ್ಟೆ ಹೇಗೆ ಹಾಳಾಗುತ್ತದೆ, ಇಂಥವೇ ಲೇಖನಗಳು. ಆ ಅಜ್ಜಮಾವನವರು ಅಂಗಡಿಯ ಮುಂಭಾಗದಲ್ಲಿ ತಂಬಾಕು, ಒಂದು ಮೂಲೆಯಲ್ಲಿ ಮಾತಾಡುವ ಯಂತ್ರ, ಅಂದರೆ ಗ್ರಾಮೋಫೋನು, ಇಟ್ಟು ಮಾರುತ್ತಿದ್ದರಂತೆ. ಹೆಬ್ಬೆರಳು ತಾಗಿ ತಾಗಿ ಪುಟಗಳ ಮೂಲೆಗಳು ಮೆತ್ತಗಾಗಿದ್ದವು. ಎಲ್ಲಕ್ಕೂ ತಂಬಾಕಿನ ವಾಸನೆ.

ಒಂದು ಸಂಚಿಕೆ ಮಾತ್ರ ಬೇರೆ ಥರ ಇತ್ತು. ಅಂಚೆಗೆ ಹಾಕುವಾಗ ಸುತ್ತಿದ ಕಂದು ಕಾಗದದ ಪಟ್ಟಿ ಹಾಗೇ ಇತ್ತು. ಮೇಲೆ ನಿಪ್ಪಾಣಿಯ ವಿಳಾಸ. ಪಟ್ಟಿಯ ಒಂದು ತುದಿ ಹರಿದು ಸಂಚಿಕೆಯ ಸಂಖ್ಯೆ ಕಾಣುತ್ತಿತ್ತು. ಆ ಮನುಷ್ಯ ಉಳಿದದ್ದನ್ನೆಲ್ಲ ಅಷ್ಟು ಆಸೆಯಿಂದ ಓದಿ ಇದೊಂದನ್ನು ಯಾಕೆ ತೆರೆಯಲಿಲ್ಲ ಎಂದು ನನಗೆ ಅರ್ಥವಾಗಲಿಲ್ಲ.

ಸಂಚಿಕೆಗಳನ್ನು ದಾಖಲೆಗೆ ಸೇರಿಸುವ ಮುಂಚೆ ಅಂತರ್ಜಾಲದಲ್ಲಿ ಪತ್ರಿಕೆಯ ಹೆಸರು ಹುಡುಕಿದೆ. ಹಳೆಯ ಗ್ರಾಮೋಫೋನು ಕೂಡಿಡುವವರ ಒಂದು ಪುಟದಲ್ಲಿ ಮಾರ್ಗರೆಟ್ ಎಂಬುವರ ವಿನಂತಿ ಇತ್ತು. ಈ ಪತ್ರಿಕೆ ನಡೆಸಿದವರು ಅವರ ತಾಯಿಯ ತಂದೆ. ಅವರು ಪತ್ರಿಕೆಯ ಇತಿಹಾಸ ಬರೆಯುತ್ತಿದ್ದರು. ಎಲ್ಲ ಸಂಚಿಕೆ ಸಿಕ್ಕಿವೆ, ಒಂದೇ ಒಂದು ಎಲ್ಲಿಯೂ ಇಲ್ಲ, ಯಾರ ಹತ್ತಿರವಾದರೂ ಇದ್ದರೆ ತಿಳಿಸಿ ಎಂದು ಬರೆದಿದ್ದರು. ಕೆಳಗೆ ಕೊಟ್ಟ ಸಂಖ್ಯೆಯ ಸಂಚಿಕೆ, ಆ ತೆರೆಯದ್ದು, ನನ್ನ ಮೇಜಿನ ಮೇಲಿತ್ತು.

ಮೇಲ್ ಮಾಡಿದೆ. ಒಂದೇ ದಿನದಲ್ಲಿ ಉತ್ತರ ಬಂತು. ದಯವಿಟ್ಟು ತೆರೆಯಬೇಡಿ, ನನಗೆ ಎಂಬತ್ತೆರಡು ವರ್ಷ, ಅದು ತೆರೆಯುವುದನ್ನು ನಾನು ಕಣ್ಣಾರೆ ನೋಡಬೇಕು ಎಂದು ಬರೆದಿದ್ದರು. ಆ ಸಾಲನ್ನು ನಾಲ್ಕೈದು ಸಲ ಓದಿದೆ. ಆಮೇಲೆ ಸ್ನೇಹಲಳಿಗೆ ಫೋನು ಮಾಡಿ ಬರುತ್ತೇನೆಂದೆ.

ನಮ್ಮ ಮೇಲಧಿಕಾರಿಗಳು ಸಂಚಿಕೆ ಒಯ್ಯಲು, ಅಲ್ಲಿ ತೆರೆಯಲು ಒಪ್ಪಿಗೆಯ ಪತ್ರ ಬರೆದುಕೊಟ್ಟರು. ಕೊಡುವಾಗ ಕನ್ನಡಕದ ಮೇಲಿಂದ ನನ್ನನ್ನು ನೋಡಿ, "ಹೆಂಗ ಒಯ್ತೀರಿ ಹಂಗ ತಂದು ಒಪ್ಪಸ್ಬೇಕ್ರಿ ಮೇಡಂ. ಇದು ಈಗ ಗ್ರಂಥಾಲಯದ್ದು," ಎಂದರು. "ಹೌದ್ರಿ ಸರ್," ಎಂದೆ.

ಮ್ಯಾಂಚೆಸ್ಟರ್

ವಿಮಾನದ ಪ್ರಯಾಣದ ಬಗ್ಗೆ ಹೇಳುವಂಥದ್ದೇನೂ ಇಲ್ಲ. ಕಾಲು ಬಾತವು, ಅಷ್ಟೇ. ಮ್ಯಾಂಚೆಸ್ಟರಿನಲ್ಲಿ ಇಳಿದ ಮೇಲೆ ಸುಂಕದ ಅಧಿಕಾರಿಯೊಬ್ಬ ನನ್ನ ಚೀಲ ತೆರೆಸಿದ. ಎಳೆಯ ಹುಡುಗನಲ್ಲ, ನನ್ನ ವಯಸ್ಸಿನವನೇ. ಜೋಳದ ಹಿಟ್ಟು ನೋಡಿದ, ಶೇಂಗಾ ಚಟ್ನಿ ಮೂಸಿ ಸೀನಿದ. ಕೊನೆಗೆ ಎರಡು ರಟ್ಟಿನ ನಡುವೆ ಬಟ್ಟೆ ಸುತ್ತಿಟ್ಟಿದ್ದ ಸಂಚಿಕೆ ಕೈಗೆತ್ತಿಕೊಂಡ.

"ಇದರೊಳಗೆ ಏನಿದೆ?"

"ಗೊತ್ತಿಲ್ಲ," ಎಂದೆ. ಇದ್ದದ್ದನ್ನೇ ಹೇಳಿದ್ದೆ. ಆದರೆ ವಿಮಾನ ನಿಲ್ದಾಣದಲ್ಲಿ ಹೇಳಬಾರದ ಮಾತು ಅದೊಂದೇ ಎಂದು ಅವನ ಮುಖ ನೋಡಿದ ಮೇಲೆ ತಿಳಿಯಿತು. ಪಕ್ಕಕ್ಕೆ ಕರೆದು ಕೂರಿಸಿದ. ಒಬ್ಬ ಮಹಿಳಾ ಅಧಿಕಾರಿಯನ್ನೂ ಕರೆಸಿದ. ಇಬ್ಬರೂ ಅದನ್ನು ಯಂತ್ರದೊಳಗೆ ಎರಡು ಸಲ ಕಳಿಸಿ ನೋಡಿದರು. ನಾನು ಒಪ್ಪಿಗೆಯ ಪತ್ರ ತೋರಿಸಿದೆ. ಅದು ಕನ್ನಡದಲ್ಲಿತ್ತು.

ಅಧಿಕಾರಿ ಪಟ್ಟಿಯ ಮೇಲಿನ ಮಾಸಿದ ಅಂಚೆ ಮುದ್ರೆಯನ್ನು ಬೆಳಕಿಗೆ ಹಿಡಿದ.

"ಇದನ್ನು ಇಲ್ಲಿಂದಲೇ ಕಳಿಸಿದ್ದಾರೆ."

"ಹೌದು. ವಾಪಸು ತಂದಿದ್ದೇನೆ."

"ನೂರು ವರ್ಷ ಆದ ಮೇಲೆ?"

"ಯಾರೂ ಓದಿಲ್ಲ," ಎಂದೆ.

ಅವನು ಬಟ್ಟೆಯನ್ನು ನಾನು ಸುತ್ತಿದ್ದಕ್ಕಿಂತ ಚೊಕ್ಕಟವಾಗಿ ಸುತ್ತಿ ಕೊಟ್ಟ. ಹೊರಗೆ ಸ್ನೇಹಲ ಅಳುಮೋರೆ ಮಾಡಿ ನಿಂತಿದ್ದಳು. "ಎಲ್ಲಾರೂ ಹೊರಗ ಬಂದ್ರು, ನೀ ಒಬ್ಬಾಕಿನ ಬರಲಿಲ್ಲ! ಏನ್ ಮಾಡಿದಿ ಒಳಗ?" ಎಂದಳು.

ಲೀಡ್ಸ್

ಮಾರ್ಗರೆಟ್ ಅವರಿಗೆ ನೆಗಡಿಯಾಗಿದ್ದರಿಂದ ಮೊದಲ ವಾರ ಭೇಟಿ ಆಗಲಿಲ್ಲ. ಸ್ನೇಹಲ ಡ್ಯೂಟಿಗೆ ಹೋದರೆ ನಾನು ಬಸ್ಸು ಹತ್ತಿ ಊರು ಸುತ್ತುತ್ತಿದ್ದೆ. ಮೊದಲ ದಿನ ಬಸ್ಸಿನ ಚಾಲಕ ಟಿಕೀಟು ಕೊಡುತ್ತ ನನ್ನನ್ನು "ಲವ್" ಎಂದು ಕರೆದಾಗ ಕಿವಿ ಬಿಸಿಯಾಯಿತು. ತಲೆ ತಗ್ಗಿಸಿ ಹಿಂದೆ ಹೋಗಿ ಕೂತೆ. ನನ್ನ ಹಿಂದೆ ಹತ್ತಿದ ಅಜ್ಜಿಗೂ ಅವನು ಅದನ್ನೇ ಅಂದ. ಅವಳ ಹಿಂದಿನ ಗಡ್ಡದ ಮನುಷ್ಯನಿಗೂ ಅಂದ. ರಾಯಬಾಗದ ಬಸ್ಸಿನಲ್ಲಿ ಕಂಡಕ್ಟರು ಹತ್ತು ವರ್ಷದ ಹುಡುಗಿಯಿಂದ ಹಿಡಿದು ಎಲ್ಲ ಹೆಂಗಸರಿಗೂ, ಪಕ್ಕಕ್ಕೆ ಸರಿಯಲು, "ಸರೀಬೇ ಅವ್ವಾ" ಅನ್ನುವುದಿಲ್ಲವೇ, ಇದು ಅದೇ ಎಂದು ಸಮಾಧಾನ ಮಾಡಿಕೊಂಡೆ. ಇಳಿಯುವಾಗ ಪ್ರತಿಯೊಬ್ಬರೂ ಚಾಲಕನಿಗೆ ಥ್ಯಾಂಕ್ಯೂ ಹೇಳಿ ಇಳಿಯುತ್ತಾರೆ. ಮೂರನೆಯ ದಿನಕ್ಕೆ ನಾನೂ ಹೇಳಿದೆ. ನಮ್ಮಲ್ಲಿ ಹಾಗೆ ಹೇಳಿದರೆ ಚಾಲಕ ಗಾಬರಿಯಾದಾನು.

ತಂಬಾಕಿನ ಊರಿನವಳಾದ್ದರಿಂದ ಅಂಗಡಿಗಳಲ್ಲಿ ನನ್ನ ಕಣ್ಣು ಸಿಗರೇಟು ಹುಡುಕುತ್ತಿತ್ತು. ಎಲ್ಲಿಯೂ ಕಾಣಲಿಲ್ಲ. ಅವನ್ನು ಕಪಾಟಿನೊಳಗೆ ಬಾಗಿಲು ಮುಚ್ಚಿ ಇಡುತ್ತಾರಂತೆ. ಕೇಳಿದವರಿಗೆ ಮಾತ್ರ ಅರೆಕ್ಷಣ ಬಾಗಿಲು ಸರಿಸಿ ಒಂದು ಪ್ಯಾಕು ತೆಗೆದು ಮತ್ತೆ ಮುಚ್ಚುತ್ತಾರೆ. ನಿಪ್ಪಾಣಿಯಲ್ಲಿ ಅರ್ಧ ಊರು ಅದನ್ನೇ ಉಂಡು ಬೆಳೆದಿದೆ. ಇಲ್ಲಿ ಅದಕ್ಕೆ ಮುಖ ತೋರಿಸುವ ಹಕ್ಕಿಲ್ಲ.

ಇನ್ನೊಂದು ಸಣ್ಣ ಅವಘಡ ಹೇಳಿಬಿಡುತ್ತೇನೆ. ನಾನು ರೊಟ್ಟಿ ಸುಟ್ಟಾಗ ಹೊಗೆಯ ಗಂಟೆ ಹೊಡೆದುಕೊಂಡು ಇಡೀ ಕಟ್ಟಡದ ಜನ ಮಳೆಯಲ್ಲಿ ಹೊರಗೆ ನಿಲ್ಲಬೇಕಾಯಿತು. ಯಾರೂ ಬಯ್ಯಲಿಲ್ಲ. ಚಪ್ಪಲಿಯಲ್ಲೇ ಬಂದಿದ್ದ ಕೆಳಗಿನ ಮನೆಯವನು "ವಾಸನೆ ಚೆನ್ನಾಗಿದೆ" ಅಂದ. ಸಂಜೆ ಅವನಿಗೆ ಎರಡು ರೊಟ್ಟಿ ಕೊಟ್ಟು ಬಂದೆ.

ಕಾಲುವೆಯ ಊರು

ಮಾರ್ಗರೆಟ್ ಇರುವುದು ಲೀಡ್ಸಿನಿಂದ ಒಂದು ಗಂಟೆ ದೂರದ ಸಣ್ಣ ಊರಿನಲ್ಲಿ. ಊರ ನಡುವೆ ಕಾಲುವೆ. ಕೃಷ್ಣೆಯನ್ನು ನೋಡಿದವರಿಗೆ ಅದು ಹೊಲದ ಬದುವಿನ ನೀರಿನ ಹಾಗೆ ಕಾಣುತ್ತದೆ. ಆದರೂ ಅದರಲ್ಲಿ ಬಣ್ಣ ಬಳಿದ ಉದ್ದನೆಯ ದೋಣಿಗಳು ಓಡಾಡುತ್ತವೆ. ದಡದಲ್ಲಿ ಕಪ್ಪಾದ ಕಲ್ಲಿನ ಹಳೆಯ ಕಾರ್ಖಾನೆಗಳು.

ಬಾಗಿಲು ತೆರೆದವರು ತೆಳ್ಳಗಿನ, ಎತ್ತರದ ಹೆಂಗಸು. "ಸೂಜಾಟಾ!" ಎಂದು ನನ್ನ ಹೆಸರನ್ನು ತಮ್ಮ ಉಚ್ಚಾರದಲ್ಲಿ ಕರೆದು ಎರಡೂ ಕೈ ಹಿಡಿದುಕೊಂಡರು. ಅವರ ಮಾತನ್ನೆಲ್ಲ ನಾನು ಕನ್ನಡದಲ್ಲೇ ಬರೆಯುತ್ತೇನೆ. ಅವರು ನನಗಾಗಿ ನಿಧಾನವಾಗಿ, ಬಿಡಿಸಿ ಬಿಡಿಸಿ ಮಾತಾಡುತ್ತಿದ್ದರು.

ಅಡುಗೆಮನೆಯ ಮೇಜಿನ ಮೇಲೆ ಚಹಾ ಇಟ್ಟು ಅವರು ಅಜ್ಜನ ಕಥೆ ಹೇಳಿದರು. ಅಜ್ಜ ಮೊದಲು ಸೈಕಲ್ ಮಾರುತ್ತಿದ್ದವರು. ಸೈಕಲ್ ವ್ಯಾಪಾರಿಗಳ ಪತ್ರಿಕೆಯೊಂದರ ಕೊನೆಯ ಎರಡು ಪುಟಗಳಲ್ಲಿ ಮಾತಾಡುವ ಯಂತ್ರದ ಸುದ್ದಿ ಬರೆಯುತ್ತಿದ್ದರು. ಆಗ ಇಂಥ ಯಂತ್ರಗಳನ್ನು ಮಾರುತ್ತಿದ್ದವರೂ ಸೈಕಲ್ಲಿನವರು, ಹೊಲಿಗೆ ಯಂತ್ರದವರೇ. ಆ ಎರಡು ಪುಟ ಓದುವವರು ಹೆಚ್ಚಾದಾಗ ಸ್ವಂತ ಮಾಸಿಕ ಶುರುಮಾಡಿದರು. ಹಾಡು ಹಿಡಿದಿಡಲು ಮೇಣದ ಕೊಳವೆ ಒಳ್ಳೆಯದೋ ಚಪ್ಪಟೆ ತಟ್ಟೆ ಒಳ್ಳೆಯದೋ ಎಂದು ವ್ಯಾಪಾರಿಗಳು ಅದರಲ್ಲಿ ವರ್ಷಗಟ್ಟಲೆ ಜಗಳವಾಡಿದರು. ತಟ್ಟೆ ಗೆದ್ದಿತು. ಆಮೇಲೆ ತುತ್ತೂರಿ ಹೊರಗೆ ಕಾಣಬೇಕೋ ಪೆಟ್ಟಿಗೆಯೊಳಗೆ ಅಡಗಬೇಕೋ ಎಂದು ಜಗಳ. ಯುದ್ಧ ಬಂದು ಕಾಗದ ಸಿಗದೆ ಪತ್ರಿಕೆ ಬಡಕಲಾಯಿತು. ಯುದ್ಧ ಮುಗಿದು ಮೈ ತುಂಬಿಕೊಂಡಿತು. ರೇಡಿಯೋ ಬಂದಾಗ ಅಜ್ಜ ಅದನ್ನು ನಾಲ್ಕು ದಿನದ ಹುಚ್ಚು ಎಂದು ಬರೆದರು. ಆ ಹುಚ್ಚೇ ಪತ್ರಿಕೆಯನ್ನು ಮುಗಿಸಿತು.

"ಒಳ್ಳೆಯ ಮನುಷ್ಯ," ಎಂದರು ಮಾರ್ಗರೆಟ್. "ಯಾರ ಬಗ್ಗೆಯೂ ಒಂದು ಕೆಟ್ಟ ಮಾತು ಬರೆಯಲಿಲ್ಲ. ನನ್ನ ಪುಸ್ತಕದ ತುಂಬ ಅದನ್ನೇ ಹೇಳಿದ್ದೇನೆ. ಪುಸ್ತಕ ಅಚ್ಚಿಗೆ ಹೋಗುವುದಷ್ಟೇ ಬಾಕಿ."

"ಈ ಸಂಚಿಕೆ ಬೇರೆಲ್ಲಿಯೂ ಯಾಕೆ ಸಿಗಲಿಲ್ಲ?" ಎಂದು ಕೇಳಿದೆ.

ಅವರು ಒಂದು ಕಡತ ತೆರೆದು ಹಳದಿಯಾದ ಹಾಳೆ ತೋರಿಸಿದರು. ಅಜ್ಜ ಎಲ್ಲ ಓದುಗರಿಗೂ ಕಳಿಸಿದ ಪತ್ರದ ನಕಲು. ಅಚ್ಚಿನಲ್ಲಿ ದೋಷ ಉಂಟಾಗಿದೆ, ಈ ತಿಂಗಳ ಸಂಚಿಕೆ ತಲುಪಿದರೆ ತೆರೆಯದೆ ಹಿಂತಿರುಗಿಸಬೇಕು ಎಂದಿತ್ತು. ಇಲ್ಲಿಯ ಪ್ರತಿಗಳೆಲ್ಲ ವಾಪಸು ಬಂದು ಒಲೆ ಸೇರಿದ್ದವು. ಹಿಂದುಸ್ತಾನಕ್ಕೆ ಕಳಿಸಿದ್ದು ಅಷ್ಟರಲ್ಲಿ ಹಡಗಿನಲ್ಲಿತ್ತು.

ನಿಪ್ಪಾಣಿಯ ಆ ವ್ಯಾಪಾರಿ ಅದನ್ನು ಯಾಕೆ ತೆರೆಯಲಿಲ್ಲ ಎಂಬುದು ನನಗೆ ಆಗ ತಿಳಿಯಿತು. ಬೇಗದ ಅಂಚೆಯಲ್ಲಿ ಮೊದಲೇ ಬಂದು ತಲುಪಿದ ಪತ್ರಕ್ಕೆ ಬೆಲೆ ಕೊಟ್ಟು ತೆರೆಯಲಿಲ್ಲ. ಹಿಂತಿರುಗಿಸುವುದನ್ನು ಮಾತ್ರ ಇವತ್ತು ನಾಳೆ ಎಂದು ಮುಂದೆ ಹಾಕಿರಬೇಕು.

ಮಾರ್ಗರೆಟ್ ತರಕಾರಿ ಹೆಚ್ಚುವ ಚಾಕು ತಂದರು. ನಾನು ಬೇಡವೆಂದು ಅಂಟಿನ ಮೇಲೆ ಒದ್ದೆ ಬಟ್ಟೆ ಇಟ್ಟು ಕಾದೆ. ಪಟ್ಟಿ ತಾನೇ ಬಿಟ್ಟುಕೊಂಡಿತು. ಅವರು ಪುಟ ತಿರುವುತ್ತ ಮಗುವಿನ ಹಾಗೆ ಕೂಗಿದರು, "ಈ ಮುಳ್ಳಿನ ಡಬ್ಬಿಯ ಜಾಹೀರಾತು ನೋಡಿ! ಈ ಪೆಟ್ಟಿಗೆ ನೋಡಿ!" ನಡುವಿನ ಪುಟಗಳಿಗೆ ಬಂದಾಗ ತಿರುವುವುದನ್ನು ನಿಲ್ಲಿಸಿದರು. ಅಲ್ಲಿ ನಾಲ್ಕು ಪುಟದ ಒಂದು ಲೇಖನ. ಕೊನೆಯಲ್ಲಿ ಅಜ್ಜನ ಹೆಸರು. ಅವರು ಓದಿದರು, ಮತ್ತೊಮ್ಮೆ ಓದಿದರು. ಚಹಾ ಆರಿಹೋಯಿತು.

"ಅಚ್ಚಿನ ದೋಷ ಕಾಣುತ್ತಿಲ್ಲ," ಎಂದೆ.

"ಇಲ್ಲ," ಎಂದರು. ಕನ್ನಡಕ ತೆಗೆದಿಟ್ಟರು. "ಸೂಜಾಟಾ, ಉಳಿದ ಪುಟಗಳೆಲ್ಲ ನನಗೆ ಬೇಕು. ಈ ನಾಲ್ಕು ಬೇಡ. ಇವು ಯಾರಿಗೂ ಬೇಡ. ಪಿನ್ನು ಸಡಿಲಾಗಿದೆ, ನೋಡಿ. ತೆಗೆದರೆ ಗೊತ್ತೂ ಆಗುವುದಿಲ್ಲ."

ಅವರ ಉಗುರು ಆಗಲೇ ಪಿನ್ನಿನ ಕೆಳಗಿತ್ತು. ನಾನು ಯೋಚಿಸಲಿಲ್ಲ. ಸಂಚಿಕೆಯನ್ನು ಎಳೆದುಕೊಂಡು ಎದೆಗೆ ಒತ್ತಿ ಹಿಡಿದೆ. ಎಂಬತ್ತೆರಡರ ಹೆಂಗಸಿನ ಕೈಯಿಂದ, ಅವರದೇ ಮನೆಯಲ್ಲಿ, ಅವರದೇ ಅಜ್ಜನ ಪತ್ರಿಕೆಯನ್ನು.

"ಇದು ನನ್ನದಲ್ಲ ಮಾರ್ಗರೆಟ್. ಗ್ರಂಥಾಲಯದ್ದು. ಒಂದು ಪುಟ ಹರಿದರೂ ನಾನು ಉತ್ತರ ಕೊಡಬೇಕು."

"ನೀವು ಉಡುಗೊರೆ ತಂದಿದ್ದೀರಿ ಅಂದುಕೊಂಡಿದ್ದೆ."

"ತೋರಿಸಲು ತಂದಿದ್ದೆ. ಇಮೇಲಿನಲ್ಲಿ ಬರೆದಿದ್ದೆ."

ಅವರು ಎದ್ದು ಕಿಟಕಿಯ ಹತ್ತಿರ ಹೋಗಿ ನಿಂತರು. "ಬಸ್ಸು ಹತ್ತು ನಿಮಿಷಕ್ಕೆ ಬರುತ್ತದೆ," ಎಂದರು, ನನ್ನತ್ತ ತಿರುಗದೆ. ನಾನು ಬಟ್ಟೆ ಸುತ್ತಿಕೊಂಡು ಹೊರಟೆ. ಬಸ್ಸಿನಿಂದ ಇಳಿಯುವಾಗ ಚಾಲಕನಿಗೆ ಥ್ಯಾಂಕ್ಯೂ ಹೇಳುವುದೂ ಮರೆತುಹೋಯಿತು.

ಸ್ನೇಹಲಳ ಅಡುಗೆಮನೆ

"ನೀ ಹಟಾ ಮಾಡಿ ಬಂದಿ ಆತ್ಯಾ," ಎಂದಳು ಸ್ನೇಹಲ ಮರುದಿನ ಬೆಳಿಗ್ಗೆ ಉಪ್ಪಿಟ್ಟು ತಿನ್ನುತ್ತ. "ಆಕಿ ಮುದುಕಿ. ಆಕೀ ಅಜ್ಜನ ವಿಷಯ. ನಿನಗ್ಯಾಕ ಬೇಕಿತ್ತು?"

"ನಾ ಇನ್ನೂ ಓದೇ ಇಲ್ಲ ಅದನ್ನ."

"ಓದಲಾರದ ಜಗಳಾ ಮಾಡಿದ್ಯಾ? ತಾ ಇಲ್ಲೆ."

ಅವಳಿಗೆ ರಜೆಯಿತ್ತು. ಇಬ್ಬರೂ ಪಕ್ಕ ಪಕ್ಕ ಕೂತು ಓದಿದೆವು. ಹಳೆಯ ಇಂಗ್ಲಿಷಿನಲ್ಲಿ ನಾನು ತಡವರಿಸಿದಲ್ಲಿ ಅವಳು ಬಿಡಿಸಿ ಹೇಳಿದಳು.

ಅಜ್ಜ ಆ ತಿಂಗಳು ಗ್ರಾಮೋಫೋನ್ ತಟ್ಟೆ ಮಾಡುವ ಹೊಸ ಕಾರ್ಖಾನೆ ನೋಡಲು ಹೋಗಿದ್ದರು. ಮಾಲೀಕರು ಪತ್ರಿಕೆಗೆ ಪ್ರತಿ ತಿಂಗಳೂ ಜಾಹೀರಾತು ಕೊಡುವವರು. ಅವರು ಊಟ ಹಾಕಿ, ಒತ್ತುವ ಯಂತ್ರಗಳನ್ನು ತೋರಿಸಿದರು. ಹೊರಡುವಾಗ ಅಜ್ಜ ತಪ್ಪಿ ಬೇರೊಂದು ಬಾಗಿಲು ತೆರೆದರು. ಅದು ಅಂಚು ಉಜ್ಜುವ ಕೋಣೆ. ಆಗಿನ ತಟ್ಟೆಯನ್ನು ಅರಗು, ಕಲ್ಲಿನ ಪುಡಿ, ದೀಪದ ಮಸಿ ಕೂಡಿಸಿ ಮಾಡುತ್ತಿದ್ದರು. ಯಂತ್ರದಿಂದ ಬಂದ ತಟ್ಟೆಯ ಅಂಚು ಒರಟಾಗಿರುತ್ತದೆ. ಹೆಂಗಸರು ಅದನ್ನು ತಿರುಗುವ ಚಕ್ರಕ್ಕೆ ಹಿಡಿದು ನುಣುಪು ಮಾಡಬೇಕು. ಕಿಟಕಿಗಳನ್ನು ಮುಚ್ಚಿದ್ದರು, ಗಾಳಿಗೆ ಧೂಳು ಹಾರಿ ತಟ್ಟೆಯ ಗೆರೆಗಳಲ್ಲಿ ಕೂರಬಾರದೆಂದು. ಧೂಳೆಲ್ಲ ಹೆಂಗಸರ ಮೂಗು ಬಾಯಿಗೆ ಹೋಗುತ್ತಿತ್ತು. ಎಲ್ಲರೂ ಮುಖಕ್ಕೆ ಬಟ್ಟೆ ಕಟ್ಟಿಕೊಂಡಿದ್ದರು. ಎಲ್ಲರೂ ಕೆಮ್ಮುತ್ತಿದ್ದರು.

ಅಜ್ಜ ಅಲ್ಲಿಯೇ ಒಂದು ಪೆಟ್ಟಿಗೆಯ ಮೇಲೆ ಕೂತು ನಾಲ್ವರ ಜೊತೆ ಮಾತಾಡಿದರು. ಅಡಾ, ನೆಲ್ಲಿ, ಮೇ, ರೋಸ್. ಕೆಲಸ ಹೋಗದಿರಲೆಂದು ಮನೆತನದ ಹೆಸರು ಬರೆಯಲಿಲ್ಲ. ಯಾವ ಹಾಡು ನಿಮಗೆ ಇಷ್ಟ ಎಂದು ಅಜ್ಜ ಕೇಳಿದಾಗ ಅಡಾ ಹೇಳಿದಳಂತೆ, ನಾವು ಹಾಡು ಕೇಳಿಯೇ ಇಲ್ಲ ಸರ್, ನಮಗೆ ಗೊತ್ತಿರುವುದು ಅದರ ಅಂಚು ಮಾತ್ರ. ಲೇಖನದ ಕೊನೆಗೆ ಅಜ್ಜ ಅಂಗಡಿಯವರಿಗೆ ಬರೆದಿದ್ದರು: ನೀವು ತಟ್ಟೆಯನ್ನು ಗಿರಾಕಿಯ ಕೈಗಿಡುವ ಮುಂಚೆ ಅದರ ಅಂಚಿನ ಮೇಲೆ ಬೆರಳಾಡಿಸಿ ನೋಡಿ. ಅಷ್ಟು ನುಣುಪು ಎಲ್ಲಿಂದ ಬಂತೆಂದು ಈಗ ನಿಮಗೆ ಗೊತ್ತಿದೆ.

ನಾನು ಓದುವುದನ್ನು ನಿಲ್ಲಿಸಿದೆ. ನಮ್ಮ ಅವ್ವ ವರ್ಷವಿಡೀ ಬೀಡಿ ಕಟ್ಟುತ್ತಿದ್ದಳು. ಹಂಗಾಮಿನಲ್ಲಿ ವಖಾರಿಗೆ ಹೋಗಿ ತಂಬಾಕು ಜರಡಿ ಹಿಡಿಯುತ್ತಿದ್ದಳು. ಸೆರಗನ್ನು ಮೂಗಿನ ಮೇಲಿಂದ ಎರಡು ಸುತ್ತು ಬಿಗಿದು ಹಿಂದೆ ಗಂಟು ಹಾಕುತ್ತಿದ್ದಳು. ಸಂಜೆ ಮನೆಗೆ ಬಂದು ಅದನ್ನು ಬಿಚ್ಚಿದಾಗ ಮೂಗಿನ ಕೆಳಗೆ ಮಾತ್ರ ಮುಖದ ನಿಜವಾದ ಬಣ್ಣ ಕಾಣುತ್ತಿತ್ತು. ಅವಳು ಕೆಮ್ಮಿದ್ದನ್ನು ಕೇಳಿದ ಯಾರೂ ಪೆಟ್ಟಿಗೆಯ ಮೇಲೆ ಕೂತು ಅವಳನ್ನು ಮಾತಾಡಿಸಿ ಬರೆದುಕೊಳ್ಳಲಿಲ್ಲ.

"ಆಜಿ ಕೆಮ್ಮೂದು ನನಗ ಇನ್ನೂ ಕಿವ್ಯಾಗ ಐತಿ," ಎಂದಳು ಸ್ನೇಹಲ. "ನಾ ನರ್ಸ್ ಆಗಿದ್ದ ಅದಕ್ಕ." ಇದನ್ನು ಅವಳು ಹಿಂದೆ ಎಂದೂ ನನಗೆ ಹೇಳಿರಲಿಲ್ಲ. ತಟ್ಟೆ ತೊಳೆಯಲು ಎದ್ದಳು. ನಲ್ಲಿಯ ಕಡೆ ಮುಖ ಮಾಡಿಯೇ ಅಂದಳು, "ನೀ ಹಟಾ ಮಾಡಿದ್ದು ಛಲೋ ಆತು."

ಆದರೂ ನನಗೆ ಮಾರ್ಗರೆಟ್ ಕಿಟಕಿಗೆ ಮುಖ ಮಾಡಿ ನಿಂತದ್ದು ಕಣ್ಣಿಗೆ ಕಟ್ಟಿದ ಹಾಗಿತ್ತು. ಅಷ್ಟು ವರ್ಷ ಕಾದದ್ದನ್ನು ತೋರಿಸಿ, ಅವರ ಕೈಯಿಂದಲೇ ಕಿತ್ತುಕೊಂಡು ಬಂದಿದ್ದೆ. ಲೇಖನ ಅಜ್ಜನಿಗೆ ಗೌರವ ತರುವಂಥದ್ದೇ ಅಲ್ಲವೇ, ಅವರಿಗೆ ಯಾಕೆ ನೋವಾಯಿತು ಎಂಬುದೂ ತಿಳಿಯಲಿಲ್ಲ. ಮೇಲ್ ಮಾಡಲು ಕೂತು ಎರಡು ಸಲ ಅಳಿಸಿದೆ.

ಮಂಗಳವಾರ ಅವರೇ ಫೋನು ಮಾಡಿದರು. "ಗುರುವಾರ ಬರುತ್ತೀರಾ? ಒಳ್ಳೆಯ ಬೂಟು ಹಾಕಿಕೊಂಡು ಬನ್ನಿ. ನಡೆಯುವುದಿದೆ."

ಮತ್ತೆ ಕಾಲುವೆಯ ಊರು

ಬೂಟು ಸ್ನೇಹಲಳದು, ಎರಡು ಬೆರಳು ದೊಡ್ಡದು. ಸಂಚಿಕೆ ನನ್ನ ಚೀಲದಲ್ಲಿತ್ತು. ಕಾಲುವೆಯ ದಂಡೆಯ ಮೇಲೆ ಮಾರ್ಗರೆಟ್ ಕೋಲೂರಿಕೊಂಡು ನನಗಿಂತ ಮುಂದೆ ನಡೆಯುತ್ತಿದ್ದರು. ದಾರಿಯಲ್ಲಿ ಸಿಕ್ಕವರೆಲ್ಲ ಮಳೆಯ ಬಗ್ಗೆ ಒಂದೊಂದು ಮಾತು ಆಡಿದರು. ಕಾಗವಾಡದ ಕಡೆ ಎದುರಿಗೆ ಬಂದವರು ಊಟ ಆಯಿತೇನು ಎಂದು ಕೇಳುವ ಹಾಗೆ ಇವರಿಗೆ ಮಳೆ.

ಕಾಲುವೆಯ ತಿರುವಿನಲ್ಲಿ ಒಂದು ಉದ್ದನೆಯ ಕಟ್ಟಡ. ಈಗ ಅಲ್ಲಿ ಮನೆ ಬದಲಿಸುವವರ ಸಾಮಾನು ಬಾಡಿಗೆಗೆ ಇಟ್ಟುಕೊಳ್ಳುತ್ತಾರೆ. ಗೋಡೆಗೆ ಹಳದಿ ಬಣ್ಣ ಬಳಿದಿದ್ದರು.

"ಇದೇ ಆ ಕಾರ್ಖಾನೆ," ಎಂದರು ಮಾರ್ಗರೆಟ್. "ಚಿಕ್ಕಂದಿನಲ್ಲಿ ತಾಯಿ ನನ್ನನ್ನು ಇಲ್ಲಿಗೆ ಕರೆದುಕೊಂಡು ಬಂದು, ನಿನ್ನ ಅಜ್ಜ ಈ ಕಾರ್ಖಾನೆಯನ್ನು ಪ್ರಪಂಚಕ್ಕೆಲ್ಲ ಪರಿಚಯಿಸಿದರು ಎನ್ನುತ್ತಿದ್ದಳು. ಆ ಸಂಚಿಕೆಯ ನಂತರ ಪತ್ರಿಕೆ ನಿಲ್ಲುವವರೆಗೂ ಪ್ರತಿ ವರ್ಷ ಅಜ್ಜ ಈ ಕಾರ್ಖಾನೆಯ ಬಗ್ಗೆ ಬರೆದಿದ್ದಾರೆ. ಬೆಳಕು ತುಂಬಿದ ಕೋಣೆಗಳು, ನಗುಮುಖದ ಕೆಲಸಗಾರರು ಎಂದು. ಗೊತ್ತಿಲ್ಲದೆ ಹೊಗಳಿದರು ಅಂದುಕೊಂಡಿದ್ದೆ ಸೂಜಾಟಾ. ವ್ಯಾಪಾರಿ, ಮೇಲಿಂದ ಮೇಲೆ ನೋಡಿ ಬಂದಿರುತ್ತಾರೆ ಎಂದು. ಅವರಿಗೆ ಎಲ್ಲ ಗೊತ್ತಿತ್ತು. ನೋಡಿದ್ದರು. ಆ ಹೆಂಗಸರ ಹೆಸರೂ ಗೊತ್ತಿತ್ತು."

ಅದೇ ನೋವು. ಲೇಖನ ಬರೆದದ್ದಲ್ಲ. ಬರೆದು, ಜಾಹೀರಾತು ಕೊಡುವವರಿಗೆ ಹೆದರಿ ಹಿಂತೆಗೆದುಕೊಂಡದ್ದು.

ನಾನು ಅವ್ವನ ವಿಷಯ ಹೇಳಿದೆ. ಸೆರಗು, ಜರಡಿ, ಕೆಮ್ಮು, ನನ್ನ ಮುರುಕು ಇಂಗ್ಲಿಷಿನಲ್ಲಿ. ಮಾರ್ಗರೆಟ್ ಕೋಲೂರಿ ನಿಂತು ಕೇಳಿಸಿಕೊಂಡರು.

"ನಿಮ್ಮ ತಾಯಿಯ ಬಗ್ಗೆ ಯಾರಾದರೂ ಹೀಗೆ ಬರೆದು, ಆಮೇಲೆ ಹೆದರಿ ಹಿಂತೆಗೆದುಕೊಂಡಿದ್ದರೆ?" ಎಂದು ಕೇಳಿದರು.

ಒಂದು ದೋಣಿ ನಮ್ಮನ್ನು ದಾಟಿ ಹೋಯಿತು.

"ಸಿಟ್ಟು ಬರುತ್ತಿತ್ತು," ಎಂದೆ. "ಆದರೆ ಬರೆದದ್ದನ್ನು ಓದುತ್ತಿದ್ದೆ. ನನ್ನ ಹತ್ತಿರ ಆಕೆಯ ಒಂದು ಮಾತೂ ಬರವಣಿಗೆಯಲ್ಲಿಲ್ಲ."

ಅವರು ತಲೆಯಾಡಿಸಿದರು. ಹಿಂದಿರುಗುವಾಗ ನನ್ನ ತೋಳು ಹಿಡಿದುಕೊಂಡರು. ಪ್ರಕಾಶಕರಿಗೆ ನಿನ್ನೆಯೇ ಫೋನು ಮಾಡಿ ಪುಸ್ತಕ ನಿಲ್ಲಿಸಿದ್ದಾಗಿ ದಾರಿಯಲ್ಲಿ ಹೇಳಿದರು. ನಾಲ್ಕು ಪುಟವನ್ನೂ ಇದ್ದ ಹಾಗೇ ಸೇರಿಸುತ್ತಾರೆ. ಅದರ ಎದುರಿಗೇ ಹಿಂತಿರುಗಿಸಿ ಎಂಬ ಅಜ್ಜನ ಪತ್ರ. "ಎರಡಕ್ಕೂ ಅವರದೇ ಸಹಿ ಇದೆ. ಎರಡನ್ನೂ ಓದುಗರು ನೋಡಲಿ," ಎಂದರು. ಮನೆಗೆ ಬಂದು ಪ್ರತಿ ಪುಟದ ಫೋಟೋ ತೆಗೆದೆವು. ಸಂಚಿಕೆಯನ್ನು ಅವರೇ ಬಟ್ಟೆ ಸುತ್ತಿ ನನ್ನ ಚೀಲದಲ್ಲಿಟ್ಟರು. ಈಗ ಅದು ಚಿಕ್ಕೋಡಿಯ ಕಪಾಟಿನಲ್ಲಿ, ಉಳಿದವುಗಳ ನಡುವೆ ಇದೆ.

ಅಂದು ನನ್ನ ಬಸ್ಸಿಗೆ ಇನ್ನೂ ಎರಡು ಗಂಟೆಯಿತ್ತು. ಪುಸ್ತಕದ ಕೊನೆಯಲ್ಲಿ ಹೆಸರುಗಳ ಅಕಾರಾದಿ ಸೂಚಿ ಇರುತ್ತದಲ್ಲ, ಅದನ್ನು ಸರಿಮಾಡಬೇಕು, ಇದು ನಿಮ್ಮ ಕಸುಬು, ಸಹಾಯ ಮಾಡಿ ಎಂದರು ಮಾರ್ಗರೆಟ್. ಮೇಜಿನ ಮೇಲೆ ಹಾಳೆಗಳನ್ನು ಹರಡಿದರು. ವ್ಯಾಪಾರಿಗಳು, ಯಂತ್ರ ಕಂಡುಹಿಡಿದವರು, ಹಾಡಿದವರು, ನೂರಾರು ಹೆಸರು. ಎಲ್ಲರೂ ಮನೆತನದ ಹೆಸರಿನ ಕ್ರಮದಲ್ಲಿ.

"ಈ ನಾಲ್ವರಿಗೆ ಮನೆತನದ ಹೆಸರಿಲ್ಲ," ಎಂದರು. "ಎಲ್ಲಿ ಇಡುವುದು? ಕಾರ್ಖಾನೆಯ ಹೆಸರಿನ ಕೆಳಗೆ, ಕೆಲಸಗಾರರು ಎಂದು ಒಂದೇ ಸಾಲು ಹಾಕೋಣವೇ?"

"ಬೇಡ," ಎಂದೆ. "ನಮ್ಮ ಕಡೆ ಹಳೆಯ ದಾಖಲೆಗಳಲ್ಲಿ ಎಷ್ಟೋ ಹೆಂಗಸರಿಗೆ ಇರುವುದು ಒಂದೇ ಹೆಸರು. ಆ ಹೆಸರಿನ ಅಕ್ಷರದಲ್ಲೇ ಬರೆಯುತ್ತೇವೆ. ಒಬ್ಬೊಬ್ಬರಿಗೂ ಒಂದೊಂದು ಸಾಲು."

ಅವರು ರೋಸ್ ಎಂದು ಬರೆದರು, ಅದರ ಮುಂದೆ ಅಂಚು ಉಜ್ಜುವವಳು ಎಂದು. ಆಮೇಲೆ ನೆಲ್ಲಿ, ಮೇ. ಕೊನೆಗೆ ಅಡಾಳ ಸಾಲಿಗಾಗಿ ಸೂಚಿಯ ಮೊದಲ ಹಾಳೆ ಎಳೆದುಕೊಂಡರು. ಅಲ್ಲಿ ಎಲ್ಲಕ್ಕಿಂತ ಮೇಲೆ 'ಆಡಮ್ಸ್' ಎಂಬ ದೊಡ್ಡ ವ್ಯಾಪಾರಿಯ ಹೆಸರಿತ್ತು. ಮಾರ್ಗರೆಟ್ ಇಂಗ್ಲಿಷ್ ಅಕ್ಷರಗಳನ್ನು ಬೆರಳಿನಿಂದ ಒಂದೊಂದಾಗಿ ಹೋಲಿಸಿ ನೋಡಿದರು. ಮೊದಲ ಮೂರು ಅಕ್ಷರ ಎರಡರಲ್ಲೂ ಒಂದೇ. ವ್ಯಾಪಾರಿಯ ಹೆಸರು ಅಲ್ಲಿಂದ ಮುಂದಕ್ಕೆ ಬೆಳೆಯುತ್ತದೆ. ಅಡಾಳದು ಅಲ್ಲಿಗೇ ಮುಗಿಯುತ್ತದೆ.

"ಹಾಗಾದರೆ ಇವಳು ಮೇಲೆ ಬರುತ್ತಾಳೆ," ಎಂದರು. "ಎಲ್ಲರಿಗಿಂತ ಮೇಲೆ."

ಹಾಳೆಯ ನೆತ್ತಿಯಲ್ಲಿ ಜಾಗ ಕಡಿಮೆಯಿತ್ತು. ಅವರು ಪೆನ್ನನ್ನು ನನ್ನ ಕಡೆ ಸರಿಸಿದರು. ನಾನು ಚಿಕ್ಕ ಅಕ್ಷರದಲ್ಲಿ, ಸ್ಪಷ್ಟವಾಗಿ ಬರೆದೆ.